ಗುಮ್ಮನ ಮನೆ ಅಲ್ಲೇನಾ ಅಪ್ಪಾ?

ಕಳೆದ ಮೇ ತಿಂಗಳಲ್ಲಿ ತೀರ್ಥಹಳ್ಳಿ ಹತ್ತಿರದ ನಮ್ಮೂರಿಗೆ ಹೋಗಿದ್ವಿ. ಸಂಜೆ ಜೋರು ಮಳೆ ಬಂದು ಕರೆಂಟ್ ಹೋಯ್ತು. ಐದು ವರ್ಷದ ಮಗಳು ಕಿಟಕಿಯ ಸರಳು ಹಿಡಿದುಕೊಂಡು, ಅಡಿಕೆ ತೋಟದ ಆಚೆ ಕಪ್ಪಗೆ ನಿಂತಿದ್ದ ಕಾಡನ್ನೇ ನೋಡುತ್ತಿದ್ದಳು. "ಅಪ್ಪಾ, ಗುಮ್ಮನ ಮನೆ ಅಲ್ಲೇನಾ?"

ಪಿಚ್ಚೆನಿಸಿತು. ಗುಮ್ಮನನ್ನು ಅವಳಿಗೆ ಪರಿಚಯ ಮಾಡಿಸಿದ್ದೇ ನಾನು. ಬೆಂಗಳೂರಿನ ಫ್ಲ್ಯಾಟ್‌ನಲ್ಲಿ ರಾತ್ರಿ ಹತ್ತಾದರೂ ಅವಳು ಮಲಗದೆ, ನನಗೆ ಆಫೀಸ್ ಕಾಲ್ ಇದ್ದಾಗ, "ಗುಮ್ಮ ಬರ್ತಾನೆ ನೋಡು" ಅಂದ್ರೆ ಎರಡೇ ನಿಮಿಷಕ್ಕೆ ಕೆಲಸ ಆಗ್ತಿತ್ತು. ಪುರಂದರದಾಸರ ಪದದಲ್ಲಿ ಬಾಲಕೃಷ್ಣನೇ ಗುಮ್ಮನಿಗೆ ಹೆದರ್ತಾನಲ್ಲ, ಅಂತ ಸಮಾಧಾನ ಬೇರೆ. ಈಗ ನೋಡಿದರೆ, ಊರಿಗೆ ಬಂದು ಎರಡು ದಿನವಾದರೂ ಕತ್ತಲಾದ ಮೇಲೆ ಅವಳು ಜಗಲಿಗೆ ಕಾಲಿಟ್ಟಿರಲಿಲ್ಲ. ಹಾಗಂತ ಕಿಟಕಿ ಬಿಟ್ಟು ಕದಲುತ್ತಲೂ ಇರಲಿಲ್ಲ.

"ಬಾ, ನೋಡೋಣ" ಅಂತ ಎತ್ತಿಕೊಂಡು ಜಗಲಿಗೆ ಬಂದು ಮೊಬೈಲ್ ಟಾರ್ಚ್ ಹಾಕಿದೆ. ಅಮ್ಮ ಹಿಂದೆಯೇ ಬಂದರು. "ಅದ್ನ ಆರ್ಸು ಮಾರಾಯ. ಬೆಳಕಿದ್ರೆ ಏನೂ ಕಾಣಲ್ಲ."

ಮಾತು ನಿಜ. ಕತ್ತಲಿಗೆ ಕಣ್ಣು ಪೂರ್ತಿ ಹೊಂದಿಕೊಳ್ಳಲು 20–30 ನಿಮಿಷ ಬೇಕು. ನಡುವೆ ಒಮ್ಮೆ ಫೋನ್ ನೋಡಿದರೂ ಕಾದಿದ್ದೆಲ್ಲ ಹೆಚ್ಚುಕಮ್ಮಿ ವ್ಯರ್ಥ. ಫೋನ್ ಒಳಗಿಟ್ಟು ಮೂವರೂ ಸುಮ್ಮನೆ ಕೂತೆವು.

ಮೊದಲು ಚುಕ್ ಚುಕ್ ಚುಕ್ ಅಂತ ಒಂದೇ ಸಮನೆ ಸದ್ದು. "ನತ್ತಿಂಗ ಹಕ್ಕಿ" ಅಂದರು ಅಮ್ಮ. ಹಗಲೆಲ್ಲ ತರಗೆಲೆ ಬಣ್ಣದಲ್ಲಿ ಅಡಗಿದ್ದು, ರಾತ್ರಿ ಹಾರುತ್ತಲೇ ಹುಳ ಹಿಡಿಯುವ ಹಕ್ಕಿ ಅದು. ಗೂಡಿಲ್ಲ, ನೆಲದ ಮೇಲೇ ಮೊಟ್ಟೆ. ಸ್ವಲ್ಪ ಹೊತ್ತಿಗೆ ದೂರದಲ್ಲೆಲ್ಲೋ ಬೊಗಳಿದ ಹಾಗಾಯಿತು. "ನಾಯಿ!" ಅಂದಳು ಮಗಳು. ನಾಯಿ ಅಲ್ಲ, ಕಾಡುಕುರಿ. ಹೆಸರಲ್ಲಿ ಕುರಿ ಇದ್ದರೂ ಅದು ಪುಟ್ಟ ಜಿಂಕೆ ಜಾತಿ. ಅಪಾಯದ ವಾಸನೆ ಸಿಕ್ಕರೆ ನಾಯಿಯಂತೆ ಬೊಗಳುತ್ತೆ.

"ಅದಕ್ಕೂ ಹೆದರಿಕೆ ಆಗುತ್ತಾ?"

"ಆಗುತ್ತೆ."

ನನ್ನ ಅಂಗಿ ಹಿಡಿದಿದ್ದ ಕೈ ಸ್ವಲ್ಪ ಸಡಿಲವಾಯಿತು. ಆಮೇಲೆ ತೋಟದ ಅಂಚಿನಲ್ಲಿ ಒಂದು ಮಿಂಚುಹುಳ, ಹತ್ತು, ಆಮೇಲೆ ಲೆಕ್ಕ ತಪ್ಪಿತು. ಹಾರುತ್ತಾ ಮಿನುಗೋದು ಹೆಚ್ಚಾಗಿ ಗಂಡು, ಗಿಡದ ಮೇಲೆ ಕೂತು ಉತ್ತರ ಕೊಡೋದು ಹೆಣ್ಣು. ಆ ಬೆಳಕಲ್ಲಿ ಬಿಸಿ ಇಲ್ಲವೇ ಇಲ್ಲ ಅನ್ನಬಹುದು. ನಮ್ಮ ದೀಪಗಳು ಜೋರಾದಷ್ಟೂ ಅವುಗಳ ಈ ಮಾತುಕತೆ ಕೆಡುತ್ತೆ.

"ಹಾಗಾದ್ರೆ ಗುಮ್ಮ ಎಲ್ಲಿ?"

"ಇಲ್ಲ ಪುಟ್ಟಿ. ಅದು ಅಪ್ಪ ಹೇಳಿದ ಸುಳ್ಳು."

"ಯಾಕೆ ಹೇಳಿದೆ?"

"ನೀನು ಬೇಗ ಮಲಗಲಿ ಅಂತ."

ಸ್ವಲ್ಪ ಹೊತ್ತು ಸುಮ್ಮನಿದ್ದು ಅಂದಳು, "ಮಲಗ್ದೇ ಇದ್ರೆ ಇದೆಲ್ಲ ಕಾಣುತ್ತೆ ಅಂತ ನೀನು ಹೇಳ್ಲೇ ಇಲ್ವಲ್ಲ!" ಅಮ್ಮ ಕತ್ತಲಲ್ಲೇ ನಕ್ಕರು.

ನೀವೂ ಮಕ್ಕಳ ಜೊತೆ ಊರಿಗೆ ಹೋದರೆ ಒಂದು ರಾತ್ರಿ ದೀಪ ಆರಿಸಿ ಕೂತು ನೋಡಿ. ಕಾಡಿನೊಳಗೆ ಹೋಗೋದು ಬೇಡ. ಹಾವು, ಕಾಡುಪ್ರಾಣಿಗಳ ಭಯ ನಿಜವಾದದ್ದು, ಅದನ್ನು ನಿಜವಾಗಿಯೇ ಹೇಳಿಕೊಡಬೇಕು. ಜಗಲಿ ಸಾಕು.

ಬೆಂಗಳೂರಿಗೆ ವಾಪಸ್ ಬಂದ ಮೇಲೆ ಗುಮ್ಮ ನಮ್ಮ ಮನೆಗೆ ಬಂದಿಲ್ಲ. ಮಗಳು ಮಲಗೋದು ತಡವಾಗುತ್ತೆ, ನತ್ತಿಂಗ ಈಗ ಏನು ಮಾಡ್ತಿರುತ್ತೆ ಅಂತ ದಿನಾ ಕೇಳ್ತಾಳೆ. ಆಫೀಸ್ ಕಾಲ್‌ಗೆ ನಾನೇ ಹತ್ತು ನಿಮಿಷ ತಡವಾಗಿ ಸೇರ್ತೀನಿ.