ಮುಳುಗಿದ ಕಣಿವೆಯಲ್ಲಿ ಒಂದು ದೋಣಿ ವಿಹಾರ

ಇವತ್ತು ನಾವು ಹೊರಟಿರೋದು ಒಮಾನ್ ದೇಶದ ಉತ್ತರ ತುದಿಗೆ, ಮುಸಂದಮ್‌ಗೆ. ಅಲ್ಲಿನ ಖಸಬ್ ಊರಿಂದ ಬೆಳಗ್ಗೆ ಮರದ ದೋಣಿಗಳು ಹೊರಡ್ತವೆ. ಮೇಲೆ ನೆರಳಿಗೆ ಬಟ್ಟೆ, ಕೆಳಗೆ ಜಮಖಾನ, ದಿಂಬು, ಖರ್ಜೂರ, ಕಾಫಿ. ಎರಡೂ ಕಡೆ ನೂರಾರು ಮೀಟರ್ ಎತ್ತರದ ಬೋಳು ಸುಣ್ಣಕಲ್ಲಿನ ಬೆಟ್ಟ, ನಡುವೆ ಹಸಿರು ನೀರು. ಫೋಟೋ ನೋಡಿದವರು ಇದೊಂದು ದೊಡ್ಡ ನದಿ ಅಂದ್ಕೊಳ್ತಾರೆ. ಆದ್ರೆ ವರ್ಷವಿಡೀ ಹರಿಯುವ ದೊಡ್ಡ ನದಿ ಒಮಾನ್‌ನಲ್ಲಿ ಒಂದೂ ಇಲ್ಲ. ಅಲ್ಲಿರೋದು ವಾದಿಗಳು, ಅಂದ್ರೆ ಮಳೆ ಬಂದಾಗ ಮಾತ್ರ ಉಕ್ಕಿ ಹರಿದು ಆಮೇಲೆ ಒಣಗಿಬಿಡೋ ಹಳ್ಳಗಳು.

ಹಾಗಾದ್ರೆ ಈ 'ನದಿ' ಎಲ್ಲಿಂದ ಬಂತು?

ಶರಾವತಿ ಹಿನ್ನೀರಿನಲ್ಲಿ ಸಿಗಂದೂರು ಲಾಂಚ್ ಹತ್ತಿದವರಿಗೆ ಇದು ಬೇಗ ಅರ್ಥ ಆಗುತ್ತೆ. ಲಾಂಚ್ ಮೇಲೆ ನಿಂತು ಸುತ್ತ ಕಾಣೋ ನಡುಗಡ್ಡೆಗಳು ನಿಜವಾಗಿ ಗುಡ್ಡದ ತಲೆಗಳು. ಕಾಲಡಿ ಇರೋದು ಕಣಿವೆ, ಗದ್ದೆ, ಊರು. ಅಲ್ಲಿ ಕಣಿವೆ ತುಂಬಿಸಿದ್ದು ಲಿಂಗನಮಕ್ಕಿ ಅಣೆಕಟ್ಟು. ಮುಸಂದಮ್‌ನಲ್ಲಿ ಆ ಕೆಲಸ ಮಾಡಿದ್ದು ಸಮುದ್ರ. ಸುಮಾರು 20,000 ವರ್ಷಗಳ ಹಿಂದೆ, ಹಿಮಯುಗದ ತುದಿಯಲ್ಲಿ, ಸಮುದ್ರದ ಮಟ್ಟ ಇವತ್ತಿಗಿಂತ ಹತ್ತಿರ ಹತ್ತಿರ 120 ಮೀಟರ್ ಕೆಳಗಿತ್ತು. ಪರ್ಷಿಯನ್ ಕೊಲ್ಲಿಯ ಬಹುಭಾಗ ಒಣನೆಲ. ಹಿಮ ಕರಗಿ ನೀರು ಏರಿದಾಗ ವಾದಿಗಳ ಕಣಿವೆಗಳೊಳಗೆ ಕಡಲು ನುಗ್ಗಿತು. ಜೊತೆಗೆ ಇನ್ನೊಂದು ಕಾರಣವೂ ಇದೆ: ಅರೇಬಿಯಾದ ಭೂಫಲಕ ಇರಾನ್ ಕಡೆ ಒತ್ತುತ್ತಾ ಇರೋದರಿಂದ ಈ ಪರ್ಯಾಯ ದ್ವೀಪದ ತುದಿ ನಿಧಾನವಾಗಿ ಬಾಗಿ ಮುಳುಗ್ತಾ ಇದೆ.

ಪ್ರವಾಸದ ಜಾಹೀರಾತುಗಳು ಇದನ್ನ 'ಅರೇಬಿಯಾದ ನಾರ್ವೆ' ಅಂತ ಕರೀತವೆ. ಅದು ತಪ್ಪು. ನಾರ್ವೆಯ ಫ್ಯೋರ್ಡ್‌ಗಳನ್ನ ಕೊರೆದಿದ್ದು ಹಿಮನದಿ. ಇಲ್ಲಿ ಹಿಮನದಿ ಇರಲೇ ಇಲ್ಲ. ಮಳೆನೀರು ಕೊರೆದ ಕಣಿವೆಗೆ ಕಡಲು ಬಂದಿದೆ. ಇಂಥದ್ದಕ್ಕೆ ಭೂವಿಜ್ಞಾನದಲ್ಲಿ 'ರಿಯಾ' ಅಂತಾರೆ. ಅಲ್ಲಿನ ಜನ 'ಖೋರ್' ಅಂತಾರೆ, ನಮಗೆ ಅದೇ ಇಷ್ಟ.

ಈಗ ದೋಣಿ ವಿಷಯ. ಯುರೋಪಿನಲ್ಲಿ ವಿಹಾರಕ್ಕೆ ಅಂತಲೇ ಸ್ಟೀಮರ್ ಓಡಿದ್ದು 19ನೇ ಶತಮಾನದಲ್ಲಿ. ಸ್ಕಾಟ್ಲೆಂಡಿನ ಕ್ಲೈಡ್ ನದಿಯಲ್ಲಿ 1812ರಲ್ಲಿ ಹೆನ್ರಿ ಬೆಲ್ 'ಕಾಮೆಟ್' ಎಂಬ ಉಗಿದೋಣಿ ಓಡಿಸಿದ. ಅವನ ಉದ್ದೇಶಗಳಲ್ಲಿ ಒಂದು, ತಮ್ಮದೇ ಹೋಟೆಲಿಗೆ ಗಿರಾಕಿಗಳನ್ನ ಕರೆತರೋದು! ನದಿಯ ಮೇಲೆ ಸ್ಟೀಮರ್‌ಗೆ ಒಂದು ಅನುಕೂಲ ಇದೆ, ಬಾಯ್ಲರ್‌ಗೆ ಬೇಕಾದ ಸಿಹಿನೀರು ಪಕ್ಕದಲ್ಲೇ ಸಿಗುತ್ತೆ. ಸಮುದ್ರದ ನೀರಿನಲ್ಲಿ ಲೀಟರಿಗೆ ಸುಮಾರು 35 ಗ್ರಾಂ ಉಪ್ಪು. ಬಚ್ಚಲ ಹಂಡೆಯ ತಳದಲ್ಲಿ ಬಿಳಿ ಪದರ ಕಟ್ಟೋದು ನೋಡಿದ್ದೀರಲ್ಲ, ಹಾಗೇ ಬಾಯ್ಲರ್ ಒಳಗೂ ಕಟ್ಟುತ್ತೆ, ಶಾಖ ದಾಟೋದಿಲ್ಲ, ಲೋಹ ಕಾದು ಹಾಳಾಗುತ್ತೆ. ಹಳೇ ಕಡಲ ಹಡಗುಗಳು ಆಗಾಗ ಉಪ್ಪುನೀರು ಹೊರಚೆಲ್ಲುತ್ತಾ ಓಡ್ತಿದ್ವು. ಉಗಿಯನ್ನ ಮತ್ತೆ ನೀರಾಗಿಸಿ ಅದೇ ನೀರು ಬಳಸೋ ಕಂಡೆನ್ಸರ್ ಬಂದ ಮೇಲೇ ಈ ತಲೆನೋವು ಕಡಿಮೆಯಾಗಿದ್ದು. ಕಲ್ಲಿದ್ದಲೂ ಇಲ್ಲದ, ಸಿಹಿನೀರೂ ಅಪರೂಪವಾದ ಮುಸಂದಮ್‌ನಲ್ಲಿ ಮೋಜಿಗೆ ಅಂತ ಸ್ಟೀಮರ್ ಓಡಿಸೋರು ಯಾರು? ಖೋರ್ ಒಳಗಿನ ಪುಟ್ಟ ಹಳ್ಳಿಗಳಿಗೆ ಈಗಲೂ ಕುಡಿಯೋ ನೀರು ದೋಣಿಯಲ್ಲೇ ಬರಬೇಕು.

ಸ್ಟೀಮರ್ ಬಂದಿದ್ದು ಮಸ್ಕತ್‌ಗೆ, ಅದೂ ದುಡಿಮೆಗೆ. ಬ್ರಿಟಿಷ್ ಇಂಡಿಯಾ ಕಂಪನಿಯ ಹಡಗುಗಳು 1862ರಿಂದ ಮುಂಬೈ, ಕರಾಚಿ, ಮಸ್ಕತ್ ಮಾರ್ಗವಾಗಿ ಕೊಲ್ಲಿಗೆ ಟಪಾಲು ಒಯ್ದವು. ಮುಂದೆ ಇದೇ ಮಾರ್ಗದಲ್ಲಿ ಸಾವಿರಾರು ಭಾರತೀಯರು ಡೆಕ್ ಮೇಲೆ ಚಾಪೆ ಹಾಸಿಕೊಂಡು ಕೆಲಸಕ್ಕೆ ಹೋದ್ರು. 1961ರ ಏಪ್ರಿಲ್ 8ರಂದು ಈ ಕಂಪನಿಯ 'ದಾರಾ' ಹಡಗು ದುಬೈ ಬಳಿ ಸ್ಫೋಟಗೊಂಡು 238 ಜನ ಸತ್ತರು. ಕೊನೆಯ ಹಡಗು 'ದ್ವಾರಕಾ' 1982ರಲ್ಲಿ ನಿಂತಿತು. ಅಷ್ಟರಲ್ಲಿ ಎಲ್ಲರೂ ವಿಮಾನ ಹತ್ತಿ ಆಗಿತ್ತು.

ಮರದ ದೋಣಿಯ ಕತೆ ಇದಕ್ಕೂ ಹಳೆಯದು. ಕೆಳದಿ ಅರಸರ ಕಾಲದಲ್ಲೇ ನಮ್ಮ ಕರಾವಳಿಯ ಅಕ್ಕಿ ಮಸ್ಕತ್‌ಗೆ ಹೋಗ್ತಿತ್ತು. ಟಿಪ್ಪು ಸುಲ್ತಾನ್ ಅಲ್ಲಿ ವ್ಯಾಪಾರದ ಕೋಠಿಯನ್ನೇ ಇಟ್ಟಿದ್ದ. ಆ ದೋಣಿಗಳಿಗೆ ಮರ ಹೋಗಿದ್ದೂ ನಮ್ಮ ಪಶ್ಚಿಮ ಕರಾವಳಿಯಿಂದ. ಮಂಗಳೂರಿನ ಹಳೇ ಬಂದರಿನಲ್ಲಿ ಮಂಜಿಗಳನ್ನ ನೋಡಿದವರು ಅವುಗಳ ಅಣ್ಣತಮ್ಮಂದಿರನ್ನ ಒಮಾನ್‌ನ ಸೂರ್‌ನಲ್ಲಿ ಗುರುತು ಹಿಡೀಬಹುದು. ಡೀಸೆಲ್ ಎಂಜಿನ್, ಆಮೇಲೆ ಕಂಟೇನರ್ ಹಡಗು, ಆಮೇಲೆ ಒಳ್ಳೆ ರಸ್ತೆ ಬಂದ ಹಾಗೆ ಇವುಗಳ ಸರಕು ಕಡಿಮೆಯಾಯ್ತು. ಹಾಗೆ ಸರಕಿನ ಜಾಗಕ್ಕೆ ಪ್ರವಾಸಿಗರು ಬಂದ್ರು. ಮರದ ದೋಣಿಗೆ ಇನ್ನೊಂದು ತಲೆಮಾರಿನ ಕೆಲಸ ಸಿಕ್ಕಿದ್ದು ಈ ಮೋಜಿನಿಂದಲೇ, ಅದನ್ನ ನಾವು ಹಗುರ ಮಾಡಬಾರದು.

ಖೋರ್ ಶಮ್ ಒಳಗೆ ದೋಣಿಗಳು ನಿಲ್ಲೋ ಒಂದು ಪುಟ್ಟ ದ್ವೀಪ ಇದೆ, ಟೆಲಿಗ್ರಾಫ್ ಐಲ್ಯಾಂಡ್. 1860ರ ದಶಕದಲ್ಲಿ ಭಾರತದಿಂದ ಬ್ರಿಟನ್ನಿಗೆ ಹೋಗೋ ತಂತಿಯ ನಿಲ್ದಾಣ ಇಲ್ಲಿತ್ತು, ಕೆಲವೇ ವರ್ಷಗಳಲ್ಲಿ ಬಿಟ್ಟು ಹೋದ್ರು. ಆ ಬಿಸಿಲಿಗೆ ಗುಮಾಸ್ತರಿಗೆ ಹುಚ್ಚು ಹಿಡಿದು 'ರೌಂಡ್ ದಿ ಬೆಂಡ್' ಅನ್ನೋ ಮಾತು ಹುಟ್ಟಿತು ಅಂತ ಗೈಡ್‌ಗಳು ಹೇಳ್ತಾರೆ. ಕತೆ ಚೆನ್ನಾಗಿದೆ, ಪುರಾವೆ ಸಾಲದು.

ಪ್ರವಾಸಿಗರು ಕಾಯೋದು ಡಾಲ್ಫಿನ್‌ಗೆ. ಇಲ್ಲಿ ಕಾಣೋದು ಹೆಚ್ಚಾಗಿ ಹಿಂದೂ ಮಹಾಸಾಗರದ ಗೂನುಬೆನ್ನಿನ ಡಾಲ್ಫಿನ್. ನಮ್ಮ ಕಾರವಾರದ ಕಡೆ ಇರೋದೂ ಇದೇ ಜಾತಿ, ಐಯುಸಿಎನ್ ಪಟ್ಟಿಯಲ್ಲಿ ಅಳಿವಿನಂಚಿನದು. ದೋಣಿ ಮುಂದೆ ಹೋಗುವಾಗ ಮೂತಿಯ ಎದುರಿನ ನೀರು ಒತ್ತಡದಿಂದ ಉಬ್ಬುತ್ತೆ. ಆ ಅಲೆ ಹಿಂದಿನಿಂದ ನೂಕಿದ್ರೆ ಡಾಲ್ಫಿನ್‌ಗೆ ಕಡಿಮೆ ಶ್ರಮದಲ್ಲಿ ಸವಾರಿ. ಜನ ಚಪ್ಪಾಳೆ ತಟ್ತಾರೆ, ಶಿಳ್ಳೆ ಹಾಕ್ತಾರೆ, ಅದು ತಮಗೋಸ್ಕರ ಬಂತು ಅಂದ್ಕೊಳ್ತಾರೆ.

ಆದರೆ ಡಾಲ್ಫಿನ್ ಬದುಕೋದೇ ಶಬ್ದದಿಂದ. ನೀರಿನಲ್ಲಿ ಶಬ್ದದ ವೇಗ ಸೆಕೆಂಡಿಗೆ ಸುಮಾರು 1500 ಮೀಟರ್, ಗಾಳಿಯಲ್ಲಿರೋದಕ್ಕಿಂತ ನಾಲ್ಕು ಪಟ್ಟು ಜಾಸ್ತಿ. ಪ್ರೊಪೆಲ್ಲರ್ ಸುತ್ತ ಗುಳ್ಳೆಗಳು ಹುಟ್ಟಿ ಒಡೆಯೋ ಸದ್ದು ಬಹಳ ದೂರ ಹೋಗುತ್ತೆ, ಕಲ್ಲಿನ ಗೋಡೆಗಳ ನಡುವೆ ಪ್ರತಿಧ್ವನಿಸುತ್ತೆ ಕೂಡ. ನ್ಯೂಜಿಲೆಂಡಿನ ಡೌಟ್‌ಫುಲ್ ಸೌಂಡ್‌ನಲ್ಲಿ, ಅದು ನಿಜವಾದ ಫ್ಯೋರ್ಡೇ, ಬೇರೆ ಜಾತಿಯ ಡಾಲ್ಫಿನ್‌ಗಳನ್ನ ವರ್ಷಗಟ್ಟಲೆ ಗಮನಿಸಿದ ಸಂಶೋಧಕರಿಗೆ ಕಂಡಿದ್ದು, ಪ್ರವಾಸಿ ದೋಣಿಗಳು ಇರುವಾಗ ಅವು ವಿಶ್ರಾಂತಿ ತಗೊಳ್ಳೋದು ಕಡಿಮೆ ಅಂತ. ಅಲೆ ಸವಾರಿ ಮಾಡ್ತಾ ಇರೋ ಡಾಲ್ಫಿನ್ ನಮ್ಮ ಕಣ್ಣಿಗೆ ಖುಷಿಯಾಗಿ ಕಾಣುತ್ತೆ. ಮರಿ ಜೊತೆ ಮಲಗಬೇಕಿದ್ದ ಇನ್ನೊಂದು ದೂರ ಸರಿದು ಹೋಗಿದ್ದು ಕಾಣೋದೇ ಇಲ್ಲ.

ನೀವು ಖಸಬ್‌ಗೆ ಹೋದ್ರೆ, ಅಥವಾ ಕಾರವಾರದಲ್ಲೇ ದೋಣಿ ಹತ್ತಿದ್ರೆ, ನಾವಿಕರ ಹತ್ತಿರ ಎರಡು ಮಾತು ಕೇಳಿಕೊಳ್ಳಿ: ಬೆನ್ನಟ್ಟಬೇಡಿ, ನಿಧಾನಕ್ಕೆ ಹೋಗಿ. ಒಂದೇ ಗುಂಪಿನ ಸುತ್ತ ಆಗಲೇ ಬೇರೆ ದೋಣಿಗಳಿದ್ರೆ ನಮ್ಮದು ಮುಂದೆ ಹೋಗಲಿ. ದೋಣಿಯವರಿಗೂ ನಾಳೆ ಡಾಲ್ಫಿನ್ ಬೇಕಲ್ವಾ?