ನಿತ್ಯಕರ್ಮದ ಅಡಿಯಲ್ಲಿ: ಎರಡು ಕಿರುಚಿತ್ರಗಳ ಅನ್ಯತಾಪ್ರಜ್ಞೆ

ಭಯಾನಕ ರಸದ ವಿಭಾವಗಳನ್ನು ಹೇಳುವಾಗ ನಾಟ್ಯಶಾಸ್ತ್ರವು ವಿಕೃತ ಧ್ವನಿ, ಭೂತಾದಿಗಳ ದರ್ಶನ, ಬರಿದಾದ ಮನೆ, ಅರಣ್ಯ ಮೊದಲಾದವನ್ನು ಎಣಿಸುತ್ತದೆ. ಇಪ್ಪತ್ತನೆಯ ಶತಮಾನದ ಪ್ರಯೋಗಶೀಲ ಕಿರುಚಿತ್ರವಾದರೋ ಈ ಪಟ್ಟಿಯಲ್ಲಿಲ್ಲದ ವಸ್ತುಗಳಿಂದ ಕಳವಳವನ್ನು ಹುಟ್ಟಿಸಿತು: ಬೀಗದ ಕೈ, ಬ್ರೆಡ್ಡು ಕೊಯ್ಯುವ ಚಾಕು, ನೆಲ ಒರೆಸುವ ಬಟ್ಟೆ. ಇದು ಹೇಗೆ ಸಾಧ್ಯವಾಯಿತೆಂಬುದನ್ನು ಎರಡು ಚಿತ್ರಗಳ ಮೂಲಕ ಪರಿಶೀಲಿಸಬಹುದು.

ಮಾಯಾ ಡೆರೆನ್ ತಮ್ಮ ಪತಿ ಅಲೆಕ್ಸಾಂಡರ್ ಹ್ಯಾಮಿಡ್ ಅವರೊಡನೆ 1943ರಲ್ಲಿ ಲಾಸ್ ಏಂಜಲೀಸ್‌ನ ತಮ್ಮ ಮನೆಯಲ್ಲೇ ತೆಗೆದ ‘ಮೆಶಸ್ ಆಫ್ ದಿ ಆಫ್ಟರ್‌ನೂನ್’ ಸುಮಾರು 14 ನಿಮಿಷಗಳ ಮೂಕಚಿತ್ರ. ತೇಜಿ ಇಟೊ ಅವರ ಸಂಗೀತ ಅದಕ್ಕೆ ಸೇರಿದ್ದು 1959ರಲ್ಲಿ. ಹೆಂಗಸೊಬ್ಬಳು ಮನೆಗೆ ಬಂದು ಬೀಗ ತೆಗೆಯುತ್ತಾಳೆ, ಕೋಣೆಗಳನ್ನು ನೋಡುತ್ತಾಳೆ, ಕುರ್ಚಿಯಲ್ಲಿ ಒರಗಿ ನಿದ್ರಿಸುತ್ತಾಳೆ. ಅನಂತರ ಇದೇ ಕ್ರಿಯೆ ಮತ್ತೆ ಮತ್ತೆ ಆವರ್ತಿಸುತ್ತದೆ. ಪ್ರತಿ ಆವೃತ್ತಿಯಲ್ಲೂ ವಸ್ತುಗಳ ನಡತೆ ಬೇರೆ: ಬೀಗದ ಕೈ ಅವಳ ಬಾಯಿಂದ ಹೊರಬರುತ್ತದೆ, ಅನಂತರ ಚಾಕುವಾಗುತ್ತದೆ. ಕನ್ನಡಿಯೇ ಮುಖವಾದ ಕಪ್ಪುಡುಗೆಯ ಆಕೃತಿಯೊಂದು ಇಲ್ಲಿ ಉಂಟು, ನಿಜ. ಆದರೆ ಅದಕ್ಕಿಂತ ಹೆಚ್ಚು ಬೆಚ್ಚಿಸುವುದು ಒಂದೇ ಮೇಜಿನ ಬಳಿ ಸೇರುವ ಒಬ್ಬಳದೇ ಮೂರು ರೂಪಗಳು. ಅವರಲ್ಲೊಬ್ಬಳು ನಿದ್ರಿಸುವವಳತ್ತ ಇಡುವ ಹೆಜ್ಜೆಗಳು ಮರಳು, ಹುಲ್ಲು, ಕಲ್ಲುಹಾಸು, ಜಮಖಾನೆಗಳ ಮೇಲೆ ಬೀಳುತ್ತವೆ. ಒಂದು ಕೋಣೆಯೊಳಗಿನ ಅಂತರವು ದಾಟಲಾಗದ ದೂರವಾಗುವುದು ಕೇವಲ ಸಂಕಲನದ ಬಲದಿಂದ.

ಶಾಂತಾಲ್ ಅಕರ್ಮನ್ 1968ರಲ್ಲಿ, ತಮ್ಮ ಹದಿನೆಂಟನೆಯ ವಯಸ್ಸಿನಲ್ಲಿ, ಬ್ರಸೆಲ್ಸ್‌ನಲ್ಲಿ ತೆಗೆದು ತಾವೇ ನಟಿಸಿದ ‘ಸೋತ್ ಮಾ ವಿಲ್’ ಸುಮಾರು 13 ನಿಮಿಷಗಳದು. ಅಲ್ಲಿ ಕನಸಿನ ಆವರಣವಿಲ್ಲ. ಇರುವುದು ಅಡುಗೆಮನೆ ಮಾತ್ರ. ಹುಡುಗಿ ಬೇಯಿಸಿ ಉಣ್ಣುತ್ತಾಳೆ, ಪಾತ್ರೆಪಡಗಗಳನ್ನು ನೆಲಕ್ಕೆ ಚೆಲ್ಲಿ ನೆಲ ಒರೆಸುತ್ತಾಳೆ, ಬೂಟಿಗೆ ಪಾಲಿಶ್ ಹಚ್ಚುವ ಕೈ ಅವಳ ಕಾಲಿಗೂ ಹಚ್ಚುತ್ತದೆ. ಇಷ್ಟರ ನಡುವೆ ಅವಳ ಗುನುಗು ಕೇಳುತ್ತಲೇ ಇರುತ್ತದೆ. ಡೆರೆನ್ ಆವರ್ತನದಿಂದ ಸಾಧಿಸಿದ್ದನ್ನು ಅಕರ್ಮನ್ ಅತಿರೇಕದಿಂದ ಸಾಧಿಸುತ್ತಾರೆ: ಕೆಲಸ ಉಳಿದಿದೆ, ಅದರ ಪ್ರಯೋಜನ ಕಳಚಿಹೋಗಿದೆ. ಕೊನೆಯ ಸ್ಫೋಟ ನಮಗೆ ಕಾಣುವುದಿಲ್ಲ; ಕತ್ತಲೆಯ ಪರದೆಯ ಮೇಲೆ ಅದರ ಸದ್ದು ಮಾತ್ರ ಕೇಳುತ್ತದೆ. ಈ ಅಡುಗೆಮನೆಯೇ 1975ರಲ್ಲಿ ಅವರ 201 ನಿಮಿಷಗಳ ‘ಜಾನ್ ದೀಲ್ಮಾನ್’ ಚಿತ್ರದಲ್ಲಿ, ಆಲೂಗಡ್ಡೆ ಸುಲಿಯುವ ಕೆಲಸಕ್ಕೂ ಅದರ ಪೂರ್ಣ ಅವಧಿಯನ್ನು ಕೊಟ್ಟು, ವಿಸ್ತಾರಗೊಂಡಿತು.

ಅನ್ಯತಾಪ್ರಜ್ಞೆಯನ್ನು ನಾವು ಬಹುಮಟ್ಟಿಗೆ ಮಹಾನಗರದ ಬೀದಿಯಲ್ಲಿ ಅಲೆಯುವ ಪುರುಷನ ಅನುಭವವೆಂದೇ ವಿವೇಚಿಸುತ್ತ ಬಂದಿದ್ದೇವೆ. ಈ ಚಿತ್ರಗಳು ಅದನ್ನು ಹೊಸಿಲೊಳಗೆ, ಯಾರೂ ಲಕ್ಷ್ಯಕೊಡದ ಕೆಲಸಗಳಲ್ಲಿ ಗುರುತಿಸುತ್ತವೆ. ಎರಡು ಕಿರುಚಿತ್ರಗಳೂ ಸಾವಿನಲ್ಲಿ ಮುಗಿಯುತ್ತವೆ. ಮನೆಗೆಲಸವನ್ನು ನಗಣ್ಯವೆಂದು ಬಗೆಯುವವರಿಗೆ ಆ ಅಂತ್ಯ ಆಕಸ್ಮಿಕವೆನಿಸೀತು. ಮೊದಲಿನಿಂದಲೂ ಆ ಕೈಗಳ ಚಲನೆಯನ್ನು ಗಮನಿಸಿದವರಿಗೆ ಹಾಗೆನಿಸದು.