ಜಾಲಿ ಎಂದರೆ ಮರವೋ, ಕಿಟಕಿಯೋ?

ಕಳೆದ ಕಿರುಪರೀಕ್ಷೆಯಲ್ಲಿ ಹಣದ ಬಗ್ಗೆ ಪ್ರಬಂಧ ಬರೆಯುವಾಗ ನಾನು ‘ಜಾಲಿ ನೋಟು’ ಎಂದು ಬರೆದಿದ್ದೆ. ಕನ್ನಡ ಮೇಡಂ ಅದಕ್ಕೆ ಕೆಂಪು ಸುತ್ತು ಹಾಕಿ ‘ನಕಲಿ ನೋಟು’ ಎಂದು ತಿದ್ದಿದರು. ಪಕ್ಕದಲ್ಲಿದ್ದ ಗೆಳತಿ “ಜಾಲಿ ಮರದಲ್ಲಿ ನೋಟು ಬಿಡುತ್ತಾ?” ಎಂದು ನಕ್ಕಳು. ನನಗೂ ನಗು ಬಂತು, ಸ್ವಲ್ಪ ಬೇಜಾರೂ ಆಯಿತು. ಒಂದನೇ ತರಗತಿಯಿಂದ ಕನ್ನಡ ಓದಿದರೂ ಮನೆಮಾತು ನುಸುಳಿಬಿಡುತ್ತದಲ್ಲ! ಹಾಗಾಗಿ ಈ ಪದದ ಬೆನ್ನು ಹತ್ತಿದೆ.

ನಮ್ಮ ಮನೆಯಲ್ಲಿ ಜಾಲಿ ಎಂದರೆ ಮೊದಲು ಕಿಟಕಿಯ ಬಲೆ. ಸಂಜೆಯಾದರೆ ಅಮ್ಮಿ “ಜಾಲಿ ಬಂದ್ ಕರೋ” ಎನ್ನುತ್ತಾರೆ, ಸೊಳ್ಳೆ ಬರುತ್ತವೆಂದು. ಇದು ಅಪ್ಪಟ ಉರ್ದು ಪದ ಎಂದುಕೊಂಡಿದ್ದೆ. ಆದರೆ ಇದರ ಮೂಲ ಸಂಸ್ಕೃತದ ‘ಜಾಲ’. ಅರ್ಥ ಬಲೆ. ಕನ್ನಡದ ಅಂತರ್ಜಾಲ, ಇಂದ್ರಜಾಲ, ನಾವು ಕಾಮರ್ಸಿನವರು ಓದುವ ಮಾರಾಟ ಜಾಲ, ಎಲ್ಲದರಲ್ಲೂ ಇರುವುದು ಅದೇ. (ಬಲೆ ಮಾತ್ರ ದ್ರಾವಿಡ ಪದ. ತಮಿಳಿನಲ್ಲಿ ‘ವಲೈ’.)

ಬೇಲೂರಿನ ಚೆನ್ನಕೇಶವ ದೇವಾಲಯದಲ್ಲಿರುವ, ರಂಧ್ರ ಕೊರೆದ ಕಲ್ಲಿನ ಕಿಟಕಿಗಳಿಗೆ ಜಾಲಂದ್ರ ಎನ್ನುತ್ತಾರೆ. ಅಂಥದೇ ಕೆಲಸವನ್ನು ವಿಜಯಪುರದ ಇಬ್ರಾಹಿಂ ರೋಜಾದಲ್ಲಿ ಜಾಲಿ ಎನ್ನುತ್ತಾರೆ. 1627ರಲ್ಲಿ ತೀರಿಕೊಂಡ ಎರಡನೇ ಇಬ್ರಾಹಿಂ ಆದಿಲ್‌ಶಾಹನ ಸಮಾಧಿ ಅದು. ಅಲ್ಲಿ ಬರೀ ಚೌಕ, ಹೂವುಗಳಲ್ಲ. ಅರಬಿ ಅಕ್ಷರಗಳೇ ಜಾಲಿಯ ಎಳೆಗಳು. ಅಕ್ಷರಗಳ ನಡುವಿನ ಸಂದಿಯಿಂದ ಬೆಳಕು ಒಳಗೆ ಬರುತ್ತದೆ. ಹಗಲಲ್ಲಿ ಹೊರಗಿನ ಬೆಳಕು ಹೆಚ್ಚಿರುವುದರಿಂದ ಜಾಲಿಯ ಒಳಗಿದ್ದವರಿಗೆ ಹೊರಗಿನದು ಕಾಣುತ್ತದೆ. ಹೊರಗಿನವರಿಗೆ ಒಳಗೆ ಕತ್ತಲೆಯಷ್ಟೇ.

ಹಾಗಾದರೆ ನೋಟಿನ ಜಾಲಿ? ಅಬ್ಬಾ ಎರಡನ್ನೂ ಪೇಪರಿನ ಅಂಚಿನಲ್ಲಿ ಉರ್ದುವಿನಲ್ಲಿ ಬರೆದು ತೋರಿಸಿದರು. ಕಿಟಕಿಯ ಜಾಲಿಗೆ ಜೀಮ್ ಆದಮೇಲೆ ಅಲಿಫ್. ನೋಟಿನದಕ್ಕೆ ಅಲಿಫ್ ಇಲ್ಲ, ಆ ಜಾಗದಲ್ಲಿ ಐನ್! ಇದು ಅರಬಿಯ ‘ಜಅಲ್’ನಿಂದ ಬಂದದ್ದು. ಅಲ್ಲಿ ಅದಕ್ಕೆ ‘ಮಾಡುವುದು’ ಎಂದು ಅರ್ಥ. ಉರ್ದುವಿನಲ್ಲಿ ಸುಳ್ಳಾಗಿ ಸೃಷ್ಟಿಸಿದ್ದು ಎಂದಾಗಿದೆ. ನಮ್ಮ ನಾಲಿಗೆ ಐನ್ ಅನ್ನು ಗಂಟಲಿನಿಂದ ಹೊರಡಿಸುವುದಿಲ್ಲ, ಕನ್ನಡ ಲಿಪಿಯಲ್ಲಿ ಆ ಅಕ್ಷರವೇ ಇಲ್ಲ. ಹೀಗಾಗಿ ಸಂಬಂಧವೇ ಇಲ್ಲದ ಎರಡು ಪದಗಳು ಅವಳಿಗಳಂತೆ ಕಾಣುತ್ತವೆ.

ಮೇಡಂ ತಿದ್ದಿದ್ದು ಸರಿಯೇ. ಕನ್ನಡ ಓದುವವರಿಗೆ ‘ಜಾಲಿ’ ಕಂಡರೆ ಮೊದಲು ನೆನಪಾಗುವುದು ಮುಳ್ಳಿನ ಮರ. ಆದರೆ ಅವರು ಬರೆದ ‘ನಕಲಿ’ ಕೂಡ ಅರಬಿಯ ‘ನಕ್ಲ್’ನಿಂದ ಬಂದದ್ದೇ. ಹೋಗಿ ಹೇಳಿದೆ. ಅವರು ನಕ್ಕು, “ಇದನ್ನೇ ಬರೆದು ಕೊಡು, ಪತ್ರಿಕೆಗೆ ಹಾಕೋಣ” ಎಂದರು. ಕಳೆದ ಅರ್ಧ ಅಂಕ ಮಾತ್ರ ವಾಪಸ್ ಬರಲಿಲ್ಲ.